ಸಣ್ಣ ಕೌಂಟಿಯ ದೊಡ್ಡ ಬೌಲರ್

ಲಂಡನ್ನಿನ ಯೂಸ್ಟನ್ ನಿಲ್ದಾಣದಿಂದ ವಾಯವ್ಯಕ್ಕೆ ಹೊರಟ ವೇಗದ ರೈಲು ಹೆಚ್ಚುಕಡಿಮೆ ಒಂದೂಕಾಲು ಗಂಟೆಯಲ್ಲಿ ಸ್ಟಾಫರ್ಡ್ ಮುಟ್ಟುತ್ತದೆ. ಇಲ್ಲಿ ಇಳಿಯುವ ಪ್ರವಾಸಿಗರು ಕಡಿಮೆ. ಹೆಚ್ಚಿನವರು ಲಿವರ್‌ಪೂಲ್‌ಗೋ ಮ್ಯಾಂಚೆಸ್ಟರ್‌ಗೋ ಇನ್ನೂ ಮೇಲಿನ ಸರೋವರಗಳ ನಾಡಿಗೋ ಹೋಗುವವರು. ಇಳಿದವರಿಗೆ ಊರು ತೋರಿಸುವ ಮೊದಲ ಹೆಮ್ಮೆ 1595ರಲ್ಲಿ ಕಟ್ಟಿದ ಮರದ ಚೌಕಟ್ಟಿನ ದೊಡ್ಡ ಮನೆ. ಕಪ್ಪು ತೊಲೆ, ಬಿಳಿ ಗೋಡೆಯ ಆ ಮನೆ ಪೇಟೆಬೀದಿಯ ನಡುವೆ ಇಂದಿಗೂ ಗಟ್ಟಿಯಾಗಿ ನಿಂತಿದೆ. ಅದನ್ನು ನೋಡಿ, ಚಹಾ ಕುಡಿದು, ಮುಂದಿನ ರೈಲು ಹಿಡಿಯುವವರೇ ಹೆಚ್ಚು.

ಆದರೆ ಕ್ರಿಕೆಟ್ ಹುಚ್ಚಿನವರಿಗೆ ಈ ಊರಿನಲ್ಲಿ ಇನ್ನೊಂದು ನೆನಪಿದೆ. ಸ್ಟಾಫರ್ಡ್‌ಶೈರ್ ಕೌಂಟಿ ಕೌನ್ಸಿಲಿನ ಕಾನೂನು ವಿಭಾಗದಲ್ಲಿ ಬಹುಕಾಲ ಒಬ್ಬ ಮುದುಕ ಕೆಲಸ ಮಾಡುತ್ತಿದ್ದ. ಆರಡಿ ಮೀರಿದ ಎತ್ತರ, ಬಾಗದ ಬೆನ್ನು, ಕಡಿಮೆ ಮಾತು. ಕಾಗದಪತ್ರಗಳನ್ನು ಕೈಯಲ್ಲೇ ಅಂದವಾಗಿ ಬರೆಯುವುದು ಅವನ ಕೆಲಸ. ಬೆರಳಚ್ಚು ಯಂತ್ರ ಬಂದು ಎಷ್ಟೋ ಕಾಲವಾಗಿದ್ದರೂ ಮಹತ್ವದ ದಸ್ತಾವೇಜಿಗೆ ಅವನ ಅಕ್ಷರವೇ ಬೇಕಿತ್ತು. 1957ರಲ್ಲಿ ರಾಣಿ ಎಲಿಜಬೆತ್ ಸ್ಟಾಫರ್ಡ್‌ಗೆ ಬಂದಾಗ ಅರ್ಪಿಸಿದ ಬಿನ್ನವತ್ತಳೆಯನ್ನು ಮುತ್ತು ಪೋಣಿಸಿದಂತೆ ಬರೆದುಕೊಟ್ಟವನೂ ಅವನೇ. ಆಗ ಅವನ ವಯಸ್ಸು 84.

ಲೇಖನಿ ಹಿಡಿದ ಆ ಉದ್ದ ಬೆರಳುಗಳು ಒಂದು ಕಾಲದಲ್ಲಿ ಚೆಂಡು ಹಿಡಿದಾಗ ಆಸ್ಟ್ರೇಲಿಯದ ದಾಂಡಿಗರ ಎದೆ ಢವಗುಟ್ಟುತ್ತಿತ್ತು. ಹೆಸರು ಸಿಡ್ನಿ ಫ್ರಾನ್ಸಿಸ್ ಬಾರ್ನ್ಸ್. 27 ಟೆಸ್ಟ್‌ಗಳಲ್ಲಿ 189 ವಿಕೆಟ್, ಪ್ರತಿ ವಿಕೆಟ್‌ಗೆ ಕೊಟ್ಟದ್ದು ಸರಾಸರಿ 16.43 ರನ್. ಜಗತ್ತು ಕಂಡ ಅತಿ ಶ್ರೇಷ್ಠ ಬೌಲರ್ ಯಾರು ಎಂಬ ಚರ್ಚೆ ಎದ್ದಾಗಲೆಲ್ಲ ಈ ಹೆಸರು ಬಂದೇ ಬರುತ್ತದೆ. ಆದರೆ ಇಷ್ಟು ದೊಡ್ಡ ಆಟಗಾರ ತನ್ನ ಬದುಕಿನ ಬಹುಭಾಗ ಆಡಿದ್ದು ಇಂಗ್ಲೆಂಡಿನ ಪ್ರಖ್ಯಾತ ಕೌಂಟಿಗಳಿಗಲ್ಲ. ‘ಮೈನರ್ ಕೌಂಟಿ’ ಎಂದು ಕರೆಸಿಕೊಳ್ಳುವ ಸ್ಟಾಫರ್ಡ್‌ಶೈರ್‌ಗೆ, ಮತ್ತು ಗಿರಣಿ ಊರುಗಳ ಶನಿವಾರದ ಪಂದ್ಯಗಳಿಗೆ. ಅದು ಸೋಲಿನಿಂದ ಆದದ್ದಲ್ಲ, ಲೆಕ್ಕ ಹಾಕಿ ಆರಿಸಿಕೊಂಡದ್ದು. ಆ ಲೆಕ್ಕ ತಿಳಿಯಬೇಕಾದರೆ ಅವನು ಓಡಾಡಿದ ಊರುಗಳನ್ನು ಸುತ್ತಬೇಕು.

ಕಾಲುವೆ ದಂಡೆಯ ಊರು

ಬಾರ್ನ್ಸ್ ಹುಟ್ಟಿದ್ದು 1873ರ ಏಪ್ರಿಲ್ 19ರಂದು, ಸ್ಮೆತಿಕ್‌ನಲ್ಲಿ. ಆಗ ಅದು ಸ್ಟಾಫರ್ಡ್‌ಶೈರಿನ ದಕ್ಷಿಣ ತುದಿಯ ಊರು. ಈಗ ಆಡಳಿತದ ಗಡಿಗಳು ಬದಲಾಗಿ ವೆಸ್ಟ್ ಮಿಡ್‌ಲ್ಯಾಂಡ್ಸ್‌ಗೆ ಸೇರಿದೆ. ಬರ್ಮಿಂಗ್‌ಹ್ಯಾಮ್ ಎಲ್ಲಿ ಮುಗಿಯುತ್ತದೆ, ಸ್ಮೆತಿಕ್ ಎಲ್ಲಿ ಶುರುವಾಗುತ್ತದೆ ಎಂದು ಹೇಳುವುದು ಹೊಸಬರಿಗೆ ಸಾಧ್ಯವಿಲ್ಲ.

ಈ ಊರು ಯಂತ್ರಯುಗದ ತೊಟ್ಟಿಲುಗಳಲ್ಲಿ ಒಂದು. ಜೇಮ್ಸ್ ವ್ಯಾಟ್ ಮತ್ತು ಮ್ಯಾಥ್ಯೂ ಬೋಲ್ಟನ್ ತಮ್ಮ ಉಗಿಯಂತ್ರಗಳ ಎರಕದ ಕಾರ್ಖಾನೆಯನ್ನು 1790ರ ದಶಕದಲ್ಲಿ ಹಾಕಿದ್ದು ಇಲ್ಲಿ. ಆಳವಾಗಿ ಅಗೆದ ಕಾಲುವೆಯ ಮೇಲೆ ಥಾಮಸ್ ಟೆಲ್‌ಫರ್ಡ್ 1829ರಲ್ಲಿ ಕಟ್ಟಿಸಿದ ಎರಕದ ಕಬ್ಬಿಣದ ಗಾಲ್ಟನ್ ಸೇತುವೆ ಇಂದಿಗೂ ಇದೆ. ಕೆಳಗೆ ಹಸಿರು ನೀರು, ಎರಡೂ ಕಡೆ ಗಿಡಗಂಟಿ, ನಡುವೆ ಕಮಾನು. ಕಾರ್ಖಾನೆಗಳ ಹೊಗೆ ಈಗಿಲ್ಲ. ಎರಕದ ಮನೆಗಳಲ್ಲಿ ದುಡಿಯಲು ಪಂಜಾಬಿನಿಂದ ಬಂದವರ ಮಕ್ಕಳು, ಮೊಮ್ಮಕ್ಕಳು ಇಲ್ಲಿ ನೆಲೆಸಿದ್ದಾರೆ. ಮುಖ್ಯಬೀದಿಯಲ್ಲಿ ದೊಡ್ಡ ಗುರುದ್ವಾರವಿದೆ. ಮೊದಲ ಮಹಾಯುದ್ಧದಲ್ಲಿ ಹೋರಾಡಿದ ಭಾರತೀಯ ಯೋಧರ ನೆನಪಿಗೆ ಅದರ ಎದುರು ಸಿಖ್ ಸೈನಿಕನೊಬ್ಬನ ಪ್ರತಿಮೆ 2018ರಲ್ಲಿ ನಿಂತಿತು.

ಬಾರ್ನ್ಸ್‌ನ ತಂದೆ ಬರ್ಮಿಂಗ್‌ಹ್ಯಾಮಿನ ಒಂದೇ ಕಂಪನಿಯಲ್ಲಿ 63 ವರ್ಷ ದುಡಿದವನು. ಐದು ಮಕ್ಕಳ ಸಂಸಾರ. ವಾರದ ಕೊನೆಗೆ ತಪ್ಪದೆ ಮನೆಗೆ ಬರುವ ಸಂಬಳ ಎಂದರೇನು ಎಂಬುದನ್ನು ಮಗ ಕಣ್ಣಾರೆ ಕಂಡಿದ್ದ. ಮುಂದೆ ಇಂಗ್ಲೆಂಡಿನ ಕ್ರಿಕೆಟ್ ದೊರೆಗಳ ಎದುರು ಅವನು ಪಟ್ಟು ಹಿಡಿದದ್ದಕ್ಕೆ ಬೇರು ಈ ಮನೆಯಲ್ಲೇ ಇದ್ದಿರಬೇಕು.

ಸ್ಮೆತಿಕ್ ಕ್ಲಬ್ಬಿನಲ್ಲಿ ಆಡುತ್ತಿದ್ದ ಹುಡುಗನನ್ನು ಪಕ್ಕದ ವಾರ್ವಿಕ್‌ಶೈರ್ ಕೌಂಟಿ 1894ರಲ್ಲಿ ಕರೆಯಿತು. ಮೂರು ಬೇಸಿಗೆಗಳಲ್ಲಿ ಸಿಕ್ಕ ಪಂದ್ಯಗಳು ಬೆರಳೆಣಿಕೆಯಷ್ಟು. ಅಲ್ಲಿ ಅವನು ಯಾರ ಕಣ್ಣಿಗೂ ಬೀಳಲಿಲ್ಲ.

ದೊಡ್ಡ ಕೌಂಟಿ, ಸಣ್ಣ ಕೌಂಟಿ

ಕೌಂಟಿ ಎಂದರೆ ನಮ್ಮ ಜಿಲ್ಲೆಯಂಥದ್ದು. ಕೌಂಟಿ ಕ್ರಿಕೆಟ್ ಎಂದಕೂಡಲೇ ಕನ್ನಡಿಗರಿಗೆ 1995ರ ಬೇಸಿಗೆ ನೆನಪಾಗುತ್ತದೆ. ಆ ವರ್ಷ ಅನಿಲ್ ಕುಂಬ್ಳೆ ನಾರ್ಥಾಂಪ್ಟನ್‌ಶೈರ್ ಪರ 105 ವಿಕೆಟ್ ಉರುಳಿಸಿದರು, ಜಾವಗಲ್ ಶ್ರೀನಾಥ್ ಗ್ಲಾಸ್ಟರ್‌ಶೈರ್‌ಗೆ ಆಡಿದರು. ಇವೆರಡೂ ಮೊದಲ ದರ್ಜೆಯ ಕೌಂಟಿಗಳು. ಅಂಥವು ಈಗ 18 ಇವೆ. ಬಾರ್ನ್ಸ್ ಆಡುವಾಗ 17ಕ್ಕಿಂತ ಹೆಚ್ಚಿರಲಿಲ್ಲ. ಉಳಿದ ಕೌಂಟಿಗಳು ಏನು ಮಾಡಬೇಕು? ಅವುಗಳಿಗಾಗಿ 1895ರಲ್ಲಿ ಮೈನರ್ ಕೌಂಟಿ ಚಾಂಪಿಯನ್‌ಷಿಪ್ ಶುರುವಾಯಿತು. 2020ರಲ್ಲಿ ಅದರ ಹೆಸರು ‘ನ್ಯಾಷನಲ್ ಕೌಂಟಿ’ ಎಂದು ಬದಲಾಯಿತು.

ಹೆಸರೇ ಹೇಳುವಂತೆ ಅದು ಕೆಳಗಿನ ಮೆಟ್ಟಿಲು. ಬಾರ್ನ್ಸ್ ಕಾಲದಲ್ಲಿ ಅದರ ಪಂದ್ಯಗಳು ಎರಡೇ ದಿನದವು. ಆಡುವವರು ಬೇರೆ ಕಸುಬಿನ ಜನ: ಶಾಲಾ ಮೇಷ್ಟರು, ಬ್ಯಾಂಕಿನವರು, ವಕೀಲರು, ಜೊತೆಗೆ ಒಬ್ಬಿಬ್ಬರು ಸಂಬಳದ ಆಟಗಾರರು. ಇಂಥ ತಂಡಕ್ಕೆ ಸ್ವಂತದ ದೊಡ್ಡ ಕ್ರೀಡಾಂಗಣ ಇರುವುದಿಲ್ಲ. ಒಂದು ಪಂದ್ಯ ಈ ಊರಿನ ಕ್ಲಬ್ ಮೈದಾನದಲ್ಲಿ, ಮುಂದಿನದು ಇನ್ನೊಂದು ಊರಿನಲ್ಲಿ. ಇಲ್ಲಿ ಗಳಿಸಿದ ರನ್ನು, ವಿಕೆಟ್ಟು ಮೊದಲ ದರ್ಜೆಯ ದಾಖಲೆಗೆ ಸೇರುವುದಿಲ್ಲ.

ಆ ಕಾಲದ ಇಂಗ್ಲಿಷ್ ಕ್ರಿಕೆಟ್‌ನಲ್ಲಿ ಇನ್ನೊಂದು ಮೆಟ್ಟಿಲೂ ಇತ್ತು. ಕಾಸು ಪಡೆಯದೆ ಆಡುವವರು ‘ಜಂಟಲ್‌ಮನ್’ಗಳು, ಸಂಬಳಕ್ಕೆ ಆಡುವವರು ಬರೀ ‘ಪ್ಲೇಯರ್’ಗಳು. ಎರಡು ಪಂಗಡಕ್ಕೂ ಬೇರೆ ಬೇರೆ ಕೊಠಡಿ. ಎಷ್ಟೋ ಮೈದಾನಗಳಲ್ಲಿ ಬೇರೆ ಬೇರೆ ಬಾಗಿಲು. ತಂಡದ ನಾಯಕ ಜಂಟಲ್‌ಮನ್ನೇ ಆಗಿರಬೇಕು. ಈ ಪಂಕ್ತಿಭೇದ ಕೊನೆಗೊಂಡದ್ದು 1962ರಲ್ಲಿ. ಪ್ಲೇಯರ್‌ಗೆ ಬೇಸಿಗೆಯಲ್ಲಿ ಕೂಲಿ ಇತ್ತು. ಚಳಿಗಾಲದ ಮನೆ ಖರ್ಚಿಗೆ ಏನು ಗತಿ ಎಂಬುದು ಹಲವು ಕೌಂಟಿಗಳ ಚಿಂತೆಯಾಗಿರಲಿಲ್ಲ. ಮೊಣಕಾಲು ಮುರಿದರೆ ಅವನ ಕಥೆ ಮುಗಿಯಿತು.

ಗಿರಣಿ ಊಟದ ಗಂಟೆ

ವಾರ್ವಿಕ್‌ಶೈರ್‌ನಲ್ಲಿ ದಾರಿ ಕಾಣದ ಬಾರ್ನ್ಸ್ 1895ರಲ್ಲಿ ಉತ್ತರಕ್ಕೆ, ಲ್ಯಾಂಕಶೈರಿನ ರಿಷ್ಟನ್‌ಗೆ ಹೋದ. ಬ್ಲ್ಯಾಕ್‌ಬರ್ನ್ ಪಕ್ಕದ ಪುಟ್ಟ ಊರು ಅದು. ಇಳಿಜಾರಿನಲ್ಲಿ ಸಾಲು ಸಾಲು ಕಲ್ಲಿನ ಮನೆಗಳು, ಲೀಡ್ಸ್-ಲಿವರ್‌ಪೂಲ್ ಕಾಲುವೆ, ಹಿಂದೆ ಬೋಳು ಗುಡ್ಡಗಳು. ಆಗ ಹತ್ತಿ ಗಿರಣಿಗಳ ಕಾಲ. ಶನಿವಾರ ಮಧ್ಯಾಹ್ನ ಗಿರಣಿಯ ಸೀಟಿ ಕೂಗಿದರೆ ಅರ್ಧ ದಿನ ರಜೆ. ಜನ ಮನೆಗೆ ಹೋಗಿ ಊಟ ಮುಗಿಸಿ ನೇರ ಮೈದಾನಕ್ಕೆ. ಹಗಲು ಹೊತ್ತಿನಲ್ಲಿ ಮೂರು ದಿನ ನಡೆಯುವ ಕೌಂಟಿ ಪಂದ್ಯಕ್ಕೆ ಕೂಲಿಯವನು ಹೋಗುವುದು ಹೇಗೆ? ಒಂದು ಮಧ್ಯಾಹ್ನದಲ್ಲಿ ಶುರುವಾಗಿ ಸಂಜೆ ಸೋಲು ಗೆಲುವು ತೀರ್ಮಾನವಾಗುವ ಆಟ ಅವನಿಗೆ ಬೇಕಿತ್ತು. 1892ರಲ್ಲಿ ಹುಟ್ಟಿದ ಲ್ಯಾಂಕಶೈರ್ ಲೀಗ್ ಅದನ್ನು ಕೊಟ್ಟಿತು.

ಲೀಗಿನ ಕ್ಲಬ್‌ಗಳು ಊರಿನ ಹುಡುಗರ ಜೊತೆಗೆ ಸಂಬಳ ಕೊಟ್ಟು ವೃತ್ತಿಪರನನ್ನು ಇಟ್ಟುಕೊಳ್ಳುತ್ತಿದ್ದವು. ಅವನ ಆಟ ನೋಡಲು ಜನ ಕಾಸು ಕೊಟ್ಟು ಬರುತ್ತಿದ್ದರು. ಅವನು ಚೆನ್ನಾಗಿ ಆಡಿದ ದಿನ ಪೆವಿಲಿಯನ್ನಿನ ಸುತ್ತ ಟೊಪ್ಪಿಗೆ ಹಿಡಿದು ಚಿಲ್ಲರೆ ಎತ್ತುವ ವಾಡಿಕೆಯೂ ಇತ್ತು. ವಾರಕ್ಕೊಂದು ದಿನದ ಆಟ, ಬಾಕಿ ದಿನ ಬೇರೆ ಕೆಲಸ. ರಿಷ್ಟನ್‌ನಲ್ಲಿ ಐದು ಬೇಸಿಗೆ, ನಂತರ ಬರ್ನ್ಲಿಯಲ್ಲಿ ಎರಡು. ಈ ಏಳು ವರ್ಷ ಬಾರ್ನ್ಸ್‌ಗೆ ಗರಡಿಮನೆಯಾಯಿತು.

ಅವನು ಕಲಿತ ವಿದ್ಯೆ ಯಾವುದು? ಲೆಗ್ ಬ್ರೇಕ್ ಹಾಕುವವರು ಮಣಿಕಟ್ಟನ್ನು ತಿರುಗಿಸುತ್ತಾರೆ, ಚೆಂಡು ನಿಧಾನವಾಗಿ ಹೋಗುತ್ತದೆ. ಬಾರ್ನ್ಸ್ ಮಣಿಕಟ್ಟು ತಿರುಗಿಸದೆ ಬೆರಳುಗಳ ಬಲದಿಂದಲೇ ಚೆಂಡಿಗೆ ತಿರುವು ಕೊಡುತ್ತಿದ್ದ, ಅದೂ ಮಧ್ಯಮ ವೇಗಿಯ ರಭಸದಲ್ಲಿ. ಎತ್ತರದ ಆಳಾದ್ದರಿಂದ ಚೆಂಡು ಪುಟಿದು ಏಳುತ್ತಿತ್ತು. ಗಾಳಿಯಲ್ಲಿ ದಾಂಡಿಗನ ಕಡೆಗೆ ಒಳಸರಿದ ಚೆಂಡು ನೆಲ ಮುಟ್ಟಿದ ಮೇಲೆ ಹೊರಕ್ಕೆ ತಿರುಗುತ್ತಿತ್ತು. ಅದೇ ಕೈಚಳಕದಲ್ಲಿ ಮುಂದಿನ ಚೆಂಡು ಒಳಕ್ಕೂ ತಿರುಗಬಹುದು. ಇದನ್ನು ‘ಬಾರ್ನ್ಸ್ ಚೆಂಡು’ ಎಂದೇ ಕರೆದರು. ಗೂಗ್ಲಿಯನ್ನೇಕೆ ಕಲಿಯಲಿಲ್ಲ ಎಂದು ಕೇಳಿದವರಿಗೆ, ಅದರ ಅಗತ್ಯ ತನಗೆ ಬೀಳಲಿಲ್ಲ ಎಂದು ಅವನು ಉತ್ತರಿಸಿದ್ದುಂಟು.

1901ರಲ್ಲಿ ಲ್ಯಾಂಕಶೈರ್ ಕೌಂಟಿಯ ನಾಯಕ ಆರ್ಚಿ ಮೆಕ್ಲಾರೆನ್ ಮ್ಯಾಂಚೆಸ್ಟರಿನ ಓಲ್ಡ್ ಟ್ರಾಫರ್ಡ್ ಮೈದಾನಕ್ಕೆ ಬಾರ್ನ್ಸ್‌ನನ್ನು ಕರೆಸಿ, ನೆಟ್‌ನಲ್ಲಿ ತನಗೇ ಬೌಲ್ ಮಾಡಲು ಹೇಳಿದ. ಚೆಂಡು ಮೈಗೆ ಬಡಿಯಿತು. ಬೌಲರ್ ಕ್ಷಮೆ ಕೇಳಿದ. ಕ್ಷಮೆ ಬೇಡ, ನನ್ನ ಜೊತೆ ಆಸ್ಟ್ರೇಲಿಯಕ್ಕೆ ಹೊರಡು ಎಂಬ ಅರ್ಥದ ಉತ್ತರ ಬಂತು ಎಂದು ಕಥೆ. ಕಥೆಗೆ ಉಪ್ಪುಕಾರ ಸೇರಿರಬಹುದು, ಪರಿಣಾಮ ಮಾತ್ರ ನಿಜ. ಕೌಂಟಿ ಪಂದ್ಯಗಳನ್ನು ಲೆಕ್ಕಕ್ಕಷ್ಟೇ ಆಡಿದ್ದ, 28 ವರ್ಷದ ಲೀಗ್ ಬೌಲರನೊಬ್ಬ ಇಂಗ್ಲೆಂಡ್ ತಂಡದ ಹಡಗು ಹತ್ತಿದ. ಪತ್ರಿಕೆಗಳು ಹುಬ್ಬೇರಿಸಿದವು. ಸಿಡ್ನಿಯ ಮೊದಲ ಟೆಸ್ಟ್‌ನ ಮೊದಲ ಸರದಿಯಲ್ಲೇ ಅವನು 65 ರನ್‌ಗೆ 5 ವಿಕೆಟ್ ಕಿತ್ತ. ಮೆಲ್ಬರ್ನಿನ ಎರಡನೆಯ ಟೆಸ್ಟ್‌ನಲ್ಲಿ 13 ವಿಕೆಟ್. ಅಡಿಲೇಡ್‌ನಲ್ಲಿ ಮೊಣಕಾಲು ಕೈಕೊಟ್ಟಿತು, ಪ್ರವಾಸ ಅಲ್ಲಿಗೇ ಮುಗಿಯಿತು.

1903ರ ಲೆಕ್ಕ

ಊರಿಗೆ ಮರಳಿದ ಬಾರ್ನ್ಸ್ 1902 ಮತ್ತು 1903ರಲ್ಲಿ ಲ್ಯಾಂಕಶೈರ್ ಕೌಂಟಿಗೆ ಆಡಿದ. ಎರಡನೆಯ ವರ್ಷ 131 ವಿಕೆಟ್. ಅವನ ಇಡೀ ಬದುಕಿನಲ್ಲಿ ಮೊದಲ ದರ್ಜೆಯ ಕೌಂಟಿಗೆ ಪೂರ್ತಿ ಆಡಿದ ಋತುಗಳು ಈ ಎರಡೇ. ವಾರಕ್ಕೆ ಆರು ದಿನ ಓವರ್ ಮೇಲೆ ಓವರ್ ಹಾಕುವ ದುಡಿಮೆ ಮೈಯನ್ನು ಸವೆಸುತ್ತಿತ್ತು. ಅವನ ಬೇಡಿಕೆ ದೊಡ್ಡದೇನಲ್ಲ: ದುಡಿಮೆಗೆ ತಕ್ಕ ಸಂಬಳ, ಚಳಿಗಾಲಕ್ಕೊಂದು ಖಾತರಿಯ ಕೆಲಸ. ಮಾತುಕತೆ ಮುರಿದುಬಿತ್ತು. 30ರ ವಯಸ್ಸಿನಲ್ಲಿ, ಶಕ್ತಿಯ ಉತ್ತುಂಗದಲ್ಲಿ, ಬಾರ್ನ್ಸ್ ಕೌಂಟಿಗೆ ಬೆನ್ನು ಹಾಕಿ ಹೊರಟ.

1904ರಿಂದ ಅವನ ಬದುಕು ಹೀಗೆ: ಸ್ಟಾಫರ್ಡ್‌ಶೈರಿನ ಕಲ್ಲಿದ್ದಲು ಗಣಿಯೊಂದರಲ್ಲಿ ಗುಮಾಸ್ತಿಕೆ, ಶನಿವಾರ ಲೀಗ್ ಪಂದ್ಯ, ಬೇಸಿಗೆಯ ಕೆಲವು ದಿನ ಹುಟ್ಟಿದ ಕೌಂಟಿಯ ಪರವಾಗಿ ಮೈನರ್ ಪಂದ್ಯ. ಮೂರು ಕಡೆಯಿಂದಲೂ ಕಾಸು, ಮೈಗೆ ವಿಶ್ರಾಂತಿ, ಮನೆಯವರಿಗೆ ನೆಮ್ಮದಿ. ಇದಕ್ಕೆ ತೆತ್ತ ಬೆಲೆಯೂ ಸಣ್ಣದಲ್ಲ. 1902ರ ಜುಲೈಯಿಂದ 1907ರ ಡಿಸೆಂಬರ್‌ವರೆಗೆ, ಐದು ವರ್ಷಕ್ಕೂ ಹೆಚ್ಚು ಕಾಲ, ಅವನು ಒಂದೇ ಒಂದು ಟೆಸ್ಟ್ ಆಡಲಿಲ್ಲ. ಅವನಿಗಿಂತ ಕಡಿಮೆಯ ಬೌಲರುಗಳು ಇಂಗ್ಲೆಂಡ್ ಟೊಪ್ಪಿಗೆ ತೊಟ್ಟರು. ಅವನ 27 ಟೆಸ್ಟ್‌ಗಳಲ್ಲಿ ತಾಯ್ನಾಡಿನಲ್ಲಿ ಆಡಿದ್ದು ಹತ್ತೇ.

ತಪ್ಪು ಯಾರದು? ಬಾರ್ನ್ಸ್ ಸುಲಭದ ಮನುಷ್ಯನಾಗಿರಲಿಲ್ಲ ಎಂಬುದನ್ನು ಅವನ ಅಭಿಮಾನಿಗಳೂ ಒಪ್ಪುತ್ತಾರೆ. ಕ್ಯಾಚ್ ಬಿಟ್ಟವನನ್ನು ಅವನು ನೋಡುವ ನೋಟವೇ ಸಾಕಿತ್ತು. ನಾಯಕರ ಮುಲಾಜು ಇಟ್ಟುಕೊಂಡವನಲ್ಲ. ಬಿರುಗಾಳಿಗೆ ಸಿಕ್ಕ ಹಡಗಿನಲ್ಲಿ ಮೆಕ್ಲಾರೆನ್, ಮುಳುಗಿದರೆ ಬಾರ್ನ್ಸ್ ಕೂಡ ಮುಳುಗುತ್ತಾನಲ್ಲ ಎಂದು ಸಮಾಧಾನಪಟ್ಟನೆಂಬ ತಮಾಷೆ ಇಂದಿಗೂ ಚಾಲ್ತಿಯಲ್ಲಿದೆ. ಆದರೆ ತನ್ನ ಕೆಲಸದ ಬೆಲೆ ತಿಳಿದ ಕೂಲಿಗಾರನನ್ನು ಧಣಿಗಳು ಒರಟನೆಂದು ಕರೆಯುವುದು ಕ್ರಿಕೆಟ್‌ನಲ್ಲಷ್ಟೇ ಇರುವ ರೂಢಿಯೂ ಅಲ್ಲ.

ಕುಂಬಾರರ ಆರು ಊರು

ಸ್ಟಾಫರ್ಡ್‌ನಿಂದ ಉತ್ತರಕ್ಕೆ ಅರ್ಧ ಗಂಟೆಯೊಳಗೆ ಸ್ಟೋಕ್-ಆನ್-ಟ್ರೆಂಟ್. ಇದು ಒಂದೇ ನಗರವೆಂದು ನಕಾಶೆ ಹೇಳಿದರೂ ನೋಡುವವರಿಗೆ ಆರು ಊರುಗಳ ಮಾಲೆ: ಟನ್‌ಸ್ಟಲ್, ಬರ್ಸ್ಲೆಮ್, ಹ್ಯಾನ್ಲಿ, ಸ್ಟೋಕ್, ಫೆಂಟನ್, ಲಾಂಗ್ಟನ್. 1910ರಲ್ಲಿ ಇವು ಒಂದಾದವು. ಇಡೀ ಪ್ರದೇಶಕ್ಕೆ ‘ಪಾಟರೀಸ್’ ಎಂದು ಹೆಸರು, ಅಂದರೆ ಕುಂಬಾರರ ನಾಡು. ಜೊಸೈಯಾ ವೆಡ್ಜ್‌ವುಡ್ 18ನೆಯ ಶತಮಾನದಲ್ಲಿ ಇಲ್ಲಿಯ ಮಡಕೆಯನ್ನು ಅರಮನೆಗಳ ಪಿಂಗಾಣಿಯಾಗಿ ಬೆಳೆಸಿದ. ಒಡೆಯುವ ಸಾಮಾನು ಕತ್ತೆ ಗಾಡಿಯಲ್ಲಿ ಹೋಗುವುದಕ್ಕಿಂತ ದೋಣಿಯಲ್ಲಿ ಹೋಗುವುದು ಲೇಸೆಂದು ಕಾಲುವೆಗೆ ಒತ್ತಾಸೆ ಕೊಟ್ಟ. ಟ್ರೆಂಟ್-ಮರ್ಸಿ ಕಾಲುವೆ 1777ರಲ್ಲಿ ಪೂರ್ತಿಯಾಯಿತು.

ಬಾರ್ನ್ಸ್ ಕಾಲದಲ್ಲಿ ಇಲ್ಲಿ ನೂರಾರು ಆವಿಗೆಗಳು ಹೊಗೆ ಕಾರುತ್ತಿದ್ದವು. ದೈತ್ಯ ಬಾಟಲಿಗಳಂತೆ ಹೊಟ್ಟೆ ಉಬ್ಬಿ ಕತ್ತು ಕಿರಿದಾದ ಇಟ್ಟಿಗೆಯ ಗೋಪುರಗಳವು. 1956ರಲ್ಲಿ ಹೊಗೆ ತಡೆ ಕಾಯ್ದೆ ಬಂದ ಮೇಲೆ ಅವು ತಣ್ಣಗಾದವು. ಈಗ ಐವತ್ತಕ್ಕೂ ಕಡಿಮೆ ಉಳಿದಿವೆ. ಲಾಂಗ್ಟನ್‌ನ ಗ್ಲ್ಯಾಡ್‌ಸ್ಟನ್ ವಸ್ತುಸಂಗ್ರಹಾಲಯದಲ್ಲಿ ಅವುಗಳ ಒಳಗೇ ಹೋಗಿ ನೋಡಬಹುದು.

ಬರ್ಸ್ಲೆಮ್‌ಗೆ ಅಂಟಿಕೊಂಡ ಪೋರ್ಟ್‌ಹಿಲ್‌ನ ಕ್ಲಬ್ಬಿಗೆ ಬಾರ್ನ್ಸ್ 1906ರಿಂದ 1914ರವರೆಗೆ ಲೀಗ್ ಆಡಿದ. ಕೌಂಟಿಯ ಪಂದ್ಯ ಬಂದಾಗ ಸ್ಟಾಫರ್ಡ್‌ಶೈರ್ ಬಣ್ಣ. ಅವನ ಬೌಲಿಂಗ್ ಎದುರು ಸಣ್ಣ ಕೌಂಟಿಗಳ ದಾಂಡಿಗರು ತರಗೆಲೆಯಂತೆ ಉದುರಿದರು. 1906, 1908, 1911ರಲ್ಲಿ ಸ್ಟಾಫರ್ಡ್‌ಶೈರ್ ಚಾಂಪಿಯನ್ ಆಯಿತು. ಯುದ್ಧಾನಂತರ 1924ರಲ್ಲಿ ಮತ್ತೆ ಕೌಂಟಿಗೆ ಮರಳಿದ ಬಾರ್ನ್ಸ್ 1935ರವರೆಗೂ ಆಡಿದ. 1927ರಲ್ಲಿ ತಂಡ ಇನ್ನೊಮ್ಮೆ ಗೆದ್ದಾಗ ಅವನಿಗೆ 54. ಒಟ್ಟು 22 ಬೇಸಿಗೆಗಳಲ್ಲಿ ಈ ಕೌಂಟಿಗೆ 1441 ವಿಕೆಟ್, ಸರಾಸರಿ 8.15.

ಇಂದಿಗೂ ಸ್ಟಾಫರ್ಡ್‌ಶೈರ್ ಸಣ್ಣ ಕೌಂಟಿಯಾಗಿಯೇ ಉಳಿದಿದೆ. ಪ್ರತಿಭೆ ಕಂಡ ಹುಡುಗರು ಇಲ್ಲಿ ಅಂಬೆಗಾಲಿಟ್ಟು ಪಕ್ಕದ ದೊಡ್ಡ ಕೌಂಟಿಗೆ ಹೋಗುತ್ತಾರೆ. ವಿಕೆಟ್ ಕೀಪರ್ ಬಾಬ್ ಟೇಲರ್ ಹೀಗೆ ಡರ್ಬಿಶೈರ್‌ಗೆ ಹೋದ, ಡೇವಿಡ್ ಸ್ಟೀಲ್ ನಾರ್ಥಾಂಪ್ಟನ್‌ಶೈರ್‌ಗೆ, ಡೊಮಿನಿಕ್ ಕಾರ್ಕ್ ಡರ್ಬಿಗೆ. ನರೆಗೂದಲು, ಕನ್ನಡಕದ ಸ್ಟೀಲ್ 1975ರಲ್ಲಿ ಲಿಲ್ಲಿ, ಥಾಮ್ಸನ್‌ರ ಬೆಂಕಿ ಚೆಂಡುಗಳನ್ನು ಎದುರಿಸಿ ನಿಂತಾಗ ‘ಯುದ್ಧಕ್ಕೆ ಹೋದ ಬ್ಯಾಂಕ್ ಗುಮಾಸ್ತ’ ಎಂಬ ಬಿರುದು ಬಂತು. ಸ್ಟಾಫರ್ಡ್‌ಶೈರ್‌ಗೂ ಗುಮಾಸ್ತರಿಗೂ ಏನೋ ಋಣಾನುಬಂಧ! ಆದರೆ ಬಾರ್ನ್ಸ್ ಹೋದದ್ದು ಅವರೆಲ್ಲರ ಎದುರು ದಿಕ್ಕಿಗೆ, ದೊಡ್ಡದರಿಂದ ಸಣ್ಣದಕ್ಕೆ.

ಮೆಲ್ಬರ್ನಿನ ಬೆಳಗು

ಅವನನ್ನು ಮರೆಯಲು ಇಂಗ್ಲೆಂಡಿನ ಆಯ್ಕೆದಾರರಿಗೆ ಆಗಲಿಲ್ಲ. 1907-08ರಲ್ಲಿ ಮತ್ತೆ ಆಸ್ಟ್ರೇಲಿಯಕ್ಕೆ ಕರೆದರು, 24 ವಿಕೆಟ್ ಬಂದವು. 1911-12ರ ಪ್ರವಾಸದ ಹೊತ್ತಿಗೆ ಅವನಿಗೆ 38. ಸಿಡ್ನಿಯ ಮೊದಲ ಟೆಸ್ಟ್‌ನಲ್ಲಿ ನಾಯಕ ಜಾನಿ ಡಗ್ಲಸ್ ಹೊಸ ಚೆಂಡನ್ನು ಬಾರ್ನ್ಸ್‌ಗೆ ಕೊಡದೆ ತಾನೇ ಹಿಡಿದ. ಬಾರ್ನ್ಸ್ ಕೆರಳಿದ, ಇಂಗ್ಲೆಂಡ್ ಸೋತಿತು.

ಎರಡನೆಯ ಟೆಸ್ಟ್ ಮೆಲ್ಬರ್ನ್‌ನಲ್ಲಿ, 1911ರ ಡಿಸೆಂಬರ್ 30ರಂದು ಆರಂಭ. ಬಾರ್ನ್ಸ್‌ಗೆ ಮೈ ಸರಿಯಿರಲಿಲ್ಲ. ಆದರೂ ಈ ಸಲ ಹೊಸ ಚೆಂಡು ಅವನ ಕೈಗೆ ಬಂತು. ಬಾರ್ಡ್ಸ್ಲಿ, ಕೆಲ್ಲವೇ, ಹಿಲ್, ಆರ್ಮ್‌ಸ್ಟ್ರಾಂಗ್, ಒಬ್ಬರ ಹಿಂದೆ ಒಬ್ಬರು ಹೋದರು. ಐದು ಓವರ್‌ಗಳಲ್ಲಿ ಒಂದೇ ರನ್ ಕೊಟ್ಟು ನಾಲ್ಕು ವಿಕೆಟ್. ಮುಂದುವರಿದು 11 ಓವರ್, 7 ಮೇಡನ್, 6 ರನ್, 5 ವಿಕೆಟ್. ಫೀಲ್ಡರುಗಳನ್ನು ಅಲ್ಲಿ ಇಲ್ಲಿ ನಿಲ್ಲಿಸುತ್ತ ಅವನು ಹೊತ್ತು ತೆಗೆದುಕೊಂಡಾಗ ಪ್ರೇಕ್ಷಕರು ಗೇಲಿಯ ಕೂಗೆಬ್ಬಿಸಿದರು. ಬಾರ್ನ್ಸ್ ಚೆಂಡನ್ನು ನೆಲಕ್ಕೆ ಹಾಕಿ ಕೈಕಟ್ಟಿ ನಿಂತ. ಗದ್ದಲ ಅಡಗಿದ ಮೇಲೆಯೇ ಆಟ ಮುಂದುವರಿದದ್ದು. ಆ ಟೆಸ್ಟ್ ಗೆದ್ದ ಇಂಗ್ಲೆಂಡ್ ಸರಣಿಯನ್ನೂ 4-1ರಿಂದ ಗೆದ್ದಿತು. ಬಾರ್ನ್ಸ್ ಪಾಲು 34 ವಿಕೆಟ್.

1913-14ರಲ್ಲಿ ದಕ್ಷಿಣ ಆಫ್ರಿಕದ ಚಾಪೆ ಹಾಸಿದ ಪಿಚ್‌ಗಳ ಮೇಲೆ ನಾಲ್ಕೇ ಟೆಸ್ಟ್‌ಗಳಲ್ಲಿ 49 ವಿಕೆಟ್. ಒಂದು ಸರಣಿಯಲ್ಲಿ ಇಷ್ಟು ವಿಕೆಟ್ ಪಡೆದವರು ಇಂದಿಗೂ ಇನ್ನೊಬ್ಬರಿಲ್ಲ. ಜೊಹಾನ್ಸ್‌ಬರ್ಗ್‌ನ ಒಂದೇ ಟೆಸ್ಟ್‌ನಲ್ಲಿ 159 ರನ್‌ಗೆ 17. ಐದನೆಯ ಟೆಸ್ಟ್? ಅದನ್ನು ಅವನು ಆಡಲೇ ಇಲ್ಲ. ಹಣಕಾಸಿನ ಮಾತು ನಡೆಸಿಕೊಡಲಿಲ್ಲವೆಂದು ಮನಸ್ತಾಪ. ಐವತ್ತು ವಿಕೆಟ್‌ಗೆ ಒಂದೇ ಬಾಕಿ ಇದೆ ಎಂಬುದು ಅವನ ಪಟ್ಟನ್ನು ಸಡಿಲಿಸಲಿಲ್ಲ. ಆ ವರ್ಷದ ಆಗಸ್ಟ್‌ನಲ್ಲಿ ಮಹಾಯುದ್ಧ ಶುರುವಾಯಿತು, ಅವನ ಟೆಸ್ಟ್ ಬದುಕು ಅಲ್ಲಿಗೆ ಮುಗಿಯಿತು.

ಆಲ್ಪಾಕ ಉಣ್ಣೆಯ ಊರಿನಲ್ಲಿ

ಯುದ್ಧಕಾಲದಲ್ಲಿ ಕೌಂಟಿ ಕ್ರಿಕೆಟ್ ನಿಂತಿತು, ಯಾರ್ಕ್‌ಶೈರಿನ ಬ್ರಾಡ್‌ಫರ್ಡ್ ಲೀಗ್ ನಿಲ್ಲಲಿಲ್ಲ. ಕೆಲಸವಿಲ್ಲದ ದೊಡ್ಡ ದೊಡ್ಡ ಆಟಗಾರರು ಅಲ್ಲಿಗೆ ಬಂದರು. ಜಾಕ್ ಹಾಬ್ಸ್ ಸೇರಿದ್ದು ‘ಐಡಲ್’ ಎಂಬ ಹಳ್ಳಿಯ ತಂಡಕ್ಕೆ. ಆ ಹೆಸರಿಗೆ ಇಂಗ್ಲಿಷಿನಲ್ಲಿ ಸೋಮಾರಿ ಎಂಬ ಅರ್ಥವೂ ಇದೆ! ಬಾರ್ನ್ಸ್ 1915ರಿಂದ 1923ರವರೆಗೆ ಸಾಲ್ಟೇರ್ ಕ್ಲಬ್ಬಿನವನಾದ.

ಬಾರ್ನ್ಸ್ ಆಡಿದ ಊರುಗಳಲ್ಲಿ ಪ್ರವಾಸಿಗರು ನೋಡಲೇಬೇಕಾದದ್ದು ಸಾಲ್ಟೇರ್. ಉಣ್ಣೆ ವ್ಯಾಪಾರಿ ಟೈಟಸ್ ಸಾಲ್ಟ್ ತನ್ನ 50ನೆಯ ಹುಟ್ಟುಹಬ್ಬದಂದು, 1853ರಲ್ಲಿ, ಏರ್ ನದಿಯ ದಡದಲ್ಲಿ ದೊಡ್ಡ ಗಿರಣಿ ತೆರೆದ. ಅದರ ಸುತ್ತ ಕೆಲಸಗಾರರಿಗೆ ಕಲ್ಲಿನ ಮನೆ, ಶಾಲೆ, ಆಸ್ಪತ್ರೆ, ಚರ್ಚು ಕಟ್ಟಿಸಿದ. ಬೀದಿಗಳಿಗೆ ತನ್ನ ಮಕ್ಕಳ ಹೆಸರಿಟ್ಟ, ಹೆಂಡದಂಗಡಿಗೆ ಜಾಗ ಕೊಡಲಿಲ್ಲ. ನದಿಯಾಚೆ 1871ರಲ್ಲಿ ಉದ್ಯಾನ ಮಾಡಿಸಿದ. ಇಂದು ರಾಬರ್ಟ್ಸ್ ಪಾರ್ಕ್ ಎನಿಸಿಕೊಂಡ ಆ ಉದ್ಯಾನದ ಕ್ರಿಕೆಟ್ ಮೈದಾನದಲ್ಲಿ ನಿಂತರೆ, ಹಿನ್ನೆಲೆಯಲ್ಲಿ ಜೇನುಬಣ್ಣದ ಗಿರಣಿ, ಪಕ್ಕದಲ್ಲಿ ಸಾಲ್ಟ್‌ಗೆ ಐಶ್ವರ್ಯ ತಂದ ಆಲ್ಪಾಕ ಪ್ರಾಣಿಗಳ ಪ್ರತಿಮೆಗಳು. ಗಿರಣಿ 1986ರಲ್ಲಿ ಮುಚ್ಚಿತು. ಈಗ ಅದರೊಳಗೆ ಬ್ರಾಡ್‌ಫರ್ಡ್‌ನ ಮಗ ಡೇವಿಡ್ ಹಾಕ್ನಿಯ ಚಿತ್ರಗಳು, ಪುಸ್ತಕದಂಗಡಿಗಳು ಇವೆ. 2001ರಲ್ಲಿ ಊರು ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು.

ಈ ಲೀಗ್‌ನಲ್ಲಿ ಬಾರ್ನ್ಸ್ ಕಿತ್ತದ್ದು ಸುಮಾರು 900 ವಿಕೆಟ್. ಮುಂದೆ ಇದೇ ಸಾಲ್ಟೇರ್ ಕ್ಲಬ್ಬಿನಲ್ಲಿ ಆಟ ಕಲಿತ ಹುಡುಗನೊಬ್ಬ 1956ರಲ್ಲಿ ಓಲ್ಡ್ ಟ್ರಾಫರ್ಡ್‌ನಲ್ಲಿ 90 ರನ್‌ಗೆ 19 ವಿಕೆಟ್ ಪಡೆದು ಬಾರ್ನ್ಸ್‌ನ 17ರ ದಾಖಲೆ ಮುರಿದ. ಅವನೇ ಜಿಮ್ ಲೇಕರ್. ಜೊಹಾನ್ಸ್‌ಬರ್ಗ್‌ನ ದಾಖಲೆ 42 ವರ್ಷ ನಿಂತು, ಕೊನೆಗೆ ಅವನದೇ ಹಳೆಯ ಕ್ಲಬ್ಬಿನ ಹುಡುಗನ ಕೈಸೇರಿತು.

ಮಂಕಡ್ ಹಾಕಿದ ಲೆಕ್ಕ

ದೇಶದ ಟೊಪ್ಪಿಗೆಯೋ, ಮನೆಯ ಖರ್ಚೋ? ಈ ಪ್ರಶ್ನೆ ಬಾರ್ನ್ಸ್ ಒಬ್ಬನದಲ್ಲ. 1952ರಲ್ಲಿ ಭಾರತ ತಂಡ ಇಂಗ್ಲೆಂಡಿಗೆ ಹೊರಟಾಗ ವಿನೂ ಮಂಕಡ್‌ಗೆ ಲ್ಯಾಂಕಶೈರ್ ಲೀಗಿನ ಹ್ಯಾಸ್ಲಿಂಗ್ಡನ್ ಕ್ಲಬ್ಬಿನ ಕರೆ ಬಂದಿತ್ತು. ತಂಡದಲ್ಲಿ ಸ್ಥಾನ ಖಚಿತವೇ ಎಂದು ಮಂಡಳಿಯನ್ನು ಕೇಳಿದರು. ಖಾತರಿ ಸಿಗಲಿಲ್ಲ. ಮಂಕಡ್ ಲೀಗ್ ಸೇರಿದರು. ಮೊದಲ ಟೆಸ್ಟ್‌ನಲ್ಲಿ ಭಾರತ ಮಣ್ಣು ಮುಕ್ಕಿದಾಗ ಕ್ಲಬ್ಬಿನವರನ್ನು ಕೇಳಿ ಅವರನ್ನು ಕರೆತರಬೇಕಾಯಿತು. ಲಾರ್ಡ್ಸ್‌ನಲ್ಲಿ 72 ಮತ್ತು 184 ರನ್, ನಡುವೆ 73 ಓವರ್, 5 ವಿಕೆಟ್! ಆ ಪಂದ್ಯ ಇಂದಿಗೂ ‘ಮಂಕಡ್ ಟೆಸ್ಟ್’. ಸಣ್ಣ ಊರಿನ ಕ್ಲಬ್ಬು ಕೊಟ್ಟ ಭರವಸೆಯನ್ನು ದೇಶದ ಮಂಡಳಿ ಕೊಟ್ಟಿರಲಿಲ್ಲ.

ಹ್ಯಾಸ್ಲಿಂಗ್ಡನ್ ಪಕ್ಕದ ಕಣಿವೆಯೂರು ರಾಟನ್‌ಸ್ಟಾಲ್. ಅಲ್ಲಿ ಬಾರ್ನ್ಸ್ 1931ರಿಂದ 1933ರವರೆಗೆ ಆಡಿದ, ತನ್ನ 60ನೆಯ ವಯಸ್ಸಿನವರೆಗೆ! ಅದೇ ಲೀಗಿನ ನೆಲ್ಸನ್ ತಂಡದಲ್ಲಿ ಆಗ ವೆಸ್ಟ್ ಇಂಡೀಸ್‌ನ ಲಿಯರಿ ಕಾನ್‌ಸ್ಟಂಟೈನ್ ಇದ್ದ. ಮುಂದೆ ನೆಲ್ಸನ್‌ಗೆ ನಮ್ಮ ಲಾಲಾ ಅಮರನಾಥ್, ಕಪಿಲ್ ದೇವ್ ಕೂಡ ಆಡಿದರು.

ವಯಸ್ಸು ಬಾರ್ನ್ಸ್‌ನ ಬೆರಳಿಗೆ ತಾಗಲೇ ಇಲ್ಲ. 1928ರಲ್ಲಿ, 55ರ ಹರೆಯದಲ್ಲಿ, ವೇಲ್ಸ್ ತಂಡಕ್ಕೆ ಆಡುತ್ತ ಲ್ಯಾಂಡಡ್ನೊ ಎಂಬ ಕಡಲೂರಿನಲ್ಲಿ ವೆಸ್ಟ್ ಇಂಡೀಸ್ ಪ್ರವಾಸಿಗರ 12 ವಿಕೆಟ್ ಕಿತ್ತ. ಮರುವರ್ಷ ಮೈನರ್ ಕೌಂಟಿ ತಂಡದ ಪರ ದಕ್ಷಿಣ ಆಫ್ರಿಕದ ಎದುರು 41 ರನ್‌ಗೆ 8.

ಮರಳಿ ಸ್ಟಾಫರ್ಡ್‌ಗೆ

ಪ್ರಯಾಣದ ಕೊನೆಯ ತಾಣ ಕ್ಯಾನಕ್. ಸ್ಟಾಫರ್ಡ್‌ನಿಂದ ದಕ್ಷಿಣಕ್ಕೆ ಕ್ಯಾನಕ್ ಚೇಸ್ ಎಂಬ ಕಾಡುಗುಡ್ಡ. ಪೈನ್, ಬರ್ಚ್ ಮರಗಳು, ನೇರಳೆ ಹೂವಿನ ಕುರುಚಲು, ಜಿಂಕೆಗಳ ಹಿಂಡು. ಒಂದು ಕಾಲದಲ್ಲಿ ಅದರ ಅಂಚಿನಲ್ಲೆಲ್ಲ ಕಲ್ಲಿದ್ದಲ ಗಣಿಗಳಿದ್ದವು. ಗಣಿ ಕಾರ್ಮಿಕರ ಊರಾದ ಚ್ಯಾಡ್ಸ್‌ಮೂರ್‌ನಲ್ಲಿ ಬಾರ್ನ್ಸ್ ಮುಪ್ಪನ್ನು ಕಳೆದ. ಆಟ ಬಿಟ್ಟ ಮೇಲೂ ಕೌಂಟಿ ಕೌನ್ಸಿಲಿನ ಬರವಣಿಗೆ ಬಿಡಲಿಲ್ಲ. ತೊಂಬತ್ತು ದಾಟಿದರೂ ಲೇಖನಿ ಕೈಯಲ್ಲಿತ್ತು. 1963ರಲ್ಲಿ ಕ್ರಿಕೆಟ್ ವಾರ್ಷಿಕ ‘ವಿಸ್ಡನ್’ ತನ್ನ ನೂರನೆಯ ಸಂಚಿಕೆಗೆ ಶತಮಾನದ ಆರು ಮಹಾರಥಿಗಳನ್ನು ಆರಿಸಿತು: ಗ್ರೇಸ್, ಟ್ರಂಪರ್, ರಿಚರ್ಡ್‌ಸನ್, ಹಾಬ್ಸ್, ಬ್ರಾಡ್ಮನ್, ಮತ್ತು ಸಣ್ಣ ಕೌಂಟಿಯ ಬಾರ್ನ್ಸ್. ಜಂಟಲ್‌ಮನ್, ಪ್ಲೇಯರ್ ಎಂಬ ಗೋಡೆ ಬಿದ್ದದ್ದು ಅದರ ಹಿಂದಿನ ಚಳಿಗಾಲದಲ್ಲಿ. 1967ರ ಡಿಸೆಂಬರ್ 26ರಂದು, ಕ್ರಿಸ್‌ಮಸ್‌ನ ಮರುದಿನ, ಅವನು ತೀರಿಕೊಂಡ. ವಯಸ್ಸು 94.

ಅವನ ಲೆಕ್ಕ ಬರೆದಿಟ್ಟವರು ಎಲ್ಲ ಬಗೆಯ ಪಂದ್ಯಗಳನ್ನೂ ಕೂಡಿ 6229 ವಿಕೆಟ್ ಎನ್ನುತ್ತಾರೆ. ಟೆಸ್ಟೂ ಸೇರಿ ಮೊದಲ ದರ್ಜೆಯಲ್ಲಿ 719, ಸ್ಟಾಫರ್ಡ್‌ಶೈರ್‌ಗೆ 1441, ಲೀಗ್ ಮತ್ತು ಕ್ಲಬ್ ಪಂದ್ಯಗಳಲ್ಲಿ 4069. ಅಂದರೆ ಹತ್ತರಲ್ಲಿ ಒಂಬತ್ತರಷ್ಟು ವಿಕೆಟ್ಟುಗಳು ದೊಡ್ಡ ದಾಖಲೆಗೆ ಸೇರದ ಆಟದಲ್ಲಿ ಬಂದವು. ಗಿರಣಿಯ ಹುಡುಗರೂ ಗಣಿಯ ಗುಮಾಸ್ತರೂ ಕುಂಬಾರರ ಮಕ್ಕಳೂ ಶನಿವಾರದ ಮಧ್ಯಾಹ್ನ ಕೆಲವು ಪೆನ್ನಿ ಕೊಟ್ಟು ಜಗತ್ತಿನ ಅತಿ ದೊಡ್ಡ ಬೌಲರನನ್ನು ಹತ್ತಿರದಿಂದ ಕಂಡರು. ಲಾರ್ಡ್ಸ್‌ನ ಧಣಿಗಳಿಗೆ ಆದ ನಷ್ಟ ರಿಷ್ಟನ್, ಪೋರ್ಟ್‌ಹಿಲ್, ಸಾಲ್ಟೇರ್‌ಗಳಿಗೆ ಲಾಭವಾಯಿತು. ಆ ಮೈದಾನಗಳಲ್ಲಿ ಇಂದಿಗೂ ಬೇಸಿಗೆಯ ಶನಿವಾರ ಆಟ ನಡೆಯುತ್ತದೆ.